ಸಹಿಯಿಂದ ಅರ್ಜಿಯವರೆಗೆ: ದೊಡ್ಡವರ ಅಕ್ಷರ ತರಗತಿ ನಡೆಸುವ ಬಗೆ

ಹೆಸರು ಬರೆಯಲು ಬಂದ ಕೂಡಲೇ ಸಾಕ್ಷರರು ಎಂದು ಲೆಕ್ಕ ಹಿಡಿದು ತರಗತಿ ಮುಗಿಸಿಬಿಡುವುದು ದೊಡ್ಡವರ ಕಲಿಕೆಯಲ್ಲಿ ಆಗುವ ಅತಿ ದೊಡ್ಡ ತಪ್ಪು. ಹೆಬ್ಬೆಟ್ಟು ಒತ್ತುವವರ ಮುಂದೆ ಕಾಗದ ಇಟ್ಟರೆ ಅದನ್ನು ಓದಿ ಹೇಳಬೇಕು, ಸಾಕ್ಷಿ ಇರಬೇಕು ಎಂಬ ರೂಢಿಯಾದರೂ ಇದೆ. ಸಹಿ ಹಾಕಿದವರ ವಿಷಯದಲ್ಲಿ ಹಾಗಲ್ಲ. ಓದಿಯೇ ಹಾಕಿದ್ದಾರೆ ಎಂದು ಬ್ಯಾಂಕಿನವರೂ ಪಂಚಾಯ್ತಿಯವರೂ ಹಿಡಿಯುತ್ತಾರೆ. ಓದಲು ಬಾರದೆ ಸಹಿ ಮಾತ್ರ ಬಂದರೆ ಮೊದಲಿದ್ದ ಆ ಸಣ್ಣ ಆಸರೆಯೂ ಹೋಯಿತು.

ಆದ್ದರಿಂದ ಈ ಮಾರ್ಗದರ್ಶಿಯ ಗುರಿ ಬೇರೆ. ಕೂಲಿ ಮಾಡುವ ಹೆಣ್ಣುಮಗಳೊಬ್ಬಳು ತಾನೇ ಅರ್ಜಿ ಬರೆದು, ಅದರ ಪ್ರತಿಯ ಮೇಲೆ ಸೀಲು, ದಿನಾಂಕ ಹಾಕಿಸಿಕೊಂಡು ಮನೆಗೆ ಬರಬೇಕು. ಅಲ್ಲಿಯವರೆಗಿನ ದಾರಿ ಸುಮಾರು ಆರು ತಿಂಗಳದ್ದು. ವಾರಕ್ಕೆ ಐದು ದಿನ, ದಿನಕ್ಕೆ ಒಂದೂವರೆ ಗಂಟೆ ನಡೆಸಿದರೆ ಹತ್ತಿರಹತ್ತಿರ 200 ಗಂಟೆ ಸಿಗುತ್ತದೆ. 2011ರ ಜನಗಣತಿಯಲ್ಲಿ ಕರ್ನಾಟಕದ ಸಾಕ್ಷರತೆ ಶೇ 75.36 ಇದ್ದಾಗ ಯಾದಗಿರಿ ಜಿಲ್ಲೆಯದು ಶೇ 51.83 ಇತ್ತು. ಆ ಸೀಮೆಯ ಊರುಗಳಲ್ಲೂ, ಅಲ್ಲಿಂದ ಬೆಂಗಳೂರಿಗೆ ಬಂದು ಕಟ್ಟಡದ ಕೆಲಸಕ್ಕೆ ನಿಂತವರ ಶೆಡ್ಡುಗಳಲ್ಲೂ ಇಂಥ ತರಗತಿಗೆ ಜನ ಸಿಗುತ್ತಾರೆ. ಬೇಕಾಗಿರುವುದು ಬಿಡದೆ ಬರುವ ಒಬ್ಬ ಕಲಿಸುವವರು.

ಜಾಗ, ಹೊತ್ತು, ಕಣ್ಣು

ಒಂದು ತರಗತಿಗೆ 8ರಿಂದ 12 ಮಂದಿ ಸಾಕು. ಹದಿನೈದು ದಾಟಿದರೆ ಹಿಂದೆ ಕೂತವರ ಕೈಬರಹ ನೋಡಲಾಗುವುದಿಲ್ಲ, ಮೊದಲು ಬಿಟ್ಟುಹೋಗುವವರೂ ಅವರೇ. ಹೊತ್ತನ್ನು ನೀವು ಗೊತ್ತುಮಾಡಬೇಡಿ, ಅವರನ್ನೇ ಕೇಳಿ. ಹಳ್ಳಿಯಲ್ಲಿ ರೊಟ್ಟಿ ಬಡಿದು, ಊಟ ಮುಗಿಸಿ ಎಂಟರ ಮೇಲೆ ಬರುತ್ತೇವೆ ಅನ್ನುವವರೇ ಹೆಚ್ಚು. ಅಮಾವಾಸ್ಯೆಯಂದು ಹೊಲದ ಕೆಲಸಕ್ಕೆ ಬಿಡುವಿರುವ ಊರಾದರೆ ಅಂದು ಹಗಲಲ್ಲೇ ಎರಡು ಮೂರು ಗಂಟೆಯ ಪಾಠ ಇಟ್ಟುಕೊಳ್ಳಬಹುದು.

ಜಾಗ ಎಲ್ಲರೂ ಕಾಲಿಡಬಹುದಾದದ್ದೇ ಆಗಿರಬೇಕು. ಗುಡಿಯ ಕಟ್ಟೆ, ಯಾರದೋ ಪಡಸಾಲೆ ಅನುಕೂಲವಾಗಿ ಕಂಡರೂ ಕೆಲವು ಕೇರಿಯವರು ಅಲ್ಲಿಗೆ ಬರಲು ಹಿಂಜರಿಯುತ್ತಾರೆ, ಕಾರಣವನ್ನು ಬಾಯಿಬಿಟ್ಟು ಹೇಳುವುದಿಲ್ಲ. ಅಂಗನವಾಡಿ, ಶಾಲೆ, ಪಂಚಾಯ್ತಿಯ ಅರಿವು ಕೇಂದ್ರ (ಗ್ರಂಥಾಲಯ) ಇವು ವಾಸಿ. ದಲಿತ ಕೇರಿಯಲ್ಲೇ ನಡೆಸಿದರೆ ಇನ್ನೂ ವಾಸಿ. ಸಣ್ಣ ಮಕ್ಕಳು ಜೊತೆಗೆ ಬಂದೇ ಬರುತ್ತವೆ. ಅವಕ್ಕೆ ಒಂದು ಚಾಪೆ, ನಾಲ್ಕು ಬಳಪ ಕೊಟ್ಟು ಕೂರಿಸಿ.

ಕಣ್ಣಿನ ವಿಷಯಕ್ಕೆ ಬಹಳ ತರಗತಿಗಳಲ್ಲಿ ಗಮನವೇ ಇರುವುದಿಲ್ಲ. ನಲವತ್ತು ದಾಟಿದವರಿಗೆ ಹತ್ತಿರದ್ದು ಮಸುಕಾಗುವುದು ಸಹಜ. ದೂರದ ಬಸ್ಸು ಚೆನ್ನಾಗಿ ಕಾಣುವುದರಿಂದ ಕಣ್ಣು ಸರಿಯಿದೆ ಎಂದೇ ಅವರು ತಿಳಿದಿರುತ್ತಾರೆ. ಪುಸ್ತಕ ಹಿಡಿದಾಗ ಅಕ್ಷರ ಕಲಸಿಹೋಗುತ್ತದೆ, ‘ನನ್ನ ತಲೆಗೆ ಹತ್ತಂಗಿಲ್ರೀ’ ಅಂದು ಮೂರನೇ ವಾರಕ್ಕೆ ಬಿಡುತ್ತಾರೆ. ಮೊದಲ ದಿನವೇ ಹೀಗೆ ನೋಡಿ: ಸೂಜಿಗೆ ದಾರ ಪೋಣಿಸಲು ಹೇಳಿ, ಇಲ್ಲವೆ ಅಕ್ಕಿಯಲ್ಲಿ ಕಲ್ಲು ಆರಿಸಲು ಹೇಳಿ. ಕೈಯನ್ನು ದೂರ ಚಾಚಿ ನೋಡುವವರಿಗೆ ಓದುವ ಕನ್ನಡಕ ಬೇಕು. ತಾಲ್ಲೂಕು ಆಸ್ಪತ್ರೆಯ ಕಣ್ಣಿನ ವಿಭಾಗಕ್ಕೆ ಅಂಥವರನ್ನೆಲ್ಲ ಒಟ್ಟಿಗೆ ಕರೆದುಕೊಂಡು ಹೋಗಿ ತೋರಿಸಿ. ಅದಾದ ಮೇಲೆ ಪುಸ್ತಕ ಕೊಡಿ.

ಸಾಮಾನು ಹೆಚ್ಚೇನೂ ಬೇಡ. ಗೋಡೆಗೊಂದು ಕರಿಹಲಗೆ, ತಲೆಗೊಂದು ಸ್ಲೇಟು, ದಪ್ಪ ಬಳಪ, 100 ಪುಟದ ಗೆರೆ ಪುಸ್ತಕ, ಕೈ ಪಳಗಿದ ಮೇಲೆ ಪೆನ್ಸಿಲ್ಲು. ಕುಡುಗೋಲು, ಸಲಿಕೆ ಹಿಡಿದು ಗಟ್ಟಿಯಾದ ಬೆರಳಿಗೆ ಸಣ್ಣ ಪೆನ್ನು ಮೊದಲು ಒಗ್ಗುವುದಿಲ್ಲ. ಒತ್ತಿ ಹಿಡಿದು ಕಾಗದ ಹರಿಯುತ್ತದೆ, ಮಣಿಕಟ್ಟು ನೋಯುತ್ತದೆ. ರಂಗೋಲಿ ಬರುವವರಿಗೆ ನೆಲದ ಮೇಲೆ ಹಿಟ್ಟಿನಿಂದಲೇ ಮೊದಲ ಅಕ್ಷರ ಬರೆಸಿ. ನಮ್ಮ ಲಿಪಿ ದುಂಡಗಿನದು, ಎಳೆ ರಂಗೋಲಿ ಸುತ್ತುವ ಕೈಗೆ ಆ ತಿರುವು ಹೊಸದಲ್ಲ. ಬಂದವರನ್ನು ಅಕ್ಕ, ಅವ್ವ, ಅಣ್ಣ ಎಂದೇ ಮಾತನಾಡಿಸಿ. ‘ಬರೀರಿ ಅಕ್ಕಾ’ ಅನ್ನಬೇಕು. ಮಕ್ಕಳಿಗೆ ಅಂದ ಹಾಗೆ ‘ಬರಿ, ತೋರ್ಸು’ ಅಂದರೆ ಮಾರನೇ ದಿನ ಅವರು ಬರುವುದಿಲ್ಲ.

ಮೊದಲ ಎರಡು ತಿಂಗಳು: ಅವರ ಮಾತೇ ಪಾಠ

ಅ ಆ ಇ ಈ ಇಂದ 49 ಅಕ್ಷರವನ್ನು ಸಾಲಾಗಿ ಕಲಿಸಲು ಹೋದರೆ ಮೊದಲ ಪದ ಓದುವ ಹೊತ್ತಿಗೆ ತಿಂಗಳು ಕಳೆಯುತ್ತದೆ. ಅಷ್ಟು ತಾಳ್ಮೆ ದುಡಿದು ಬಂದವರಿಗೆ ಇರುವುದಿಲ್ಲ, ಇರಬೇಕಾಗಿಯೂ ಇಲ್ಲ. 1995ರಲ್ಲಿ ಎಚ್.ಡಿ. ಕೋಟೆಯಲ್ಲಿ ಶುರುವಾದ, ಸರ್ಕಾರಿ ಶಾಲೆಯ ಕೆಳ ತರಗತಿಗಳ ಚಟುವಟಿಕೆ ಕಲಿಕೆಯಾದ ನಲಿ-ಕಲಿಯಲ್ಲಿ ಮಕ್ಕಳು ಅಕ್ಷರ ಕಲಿಯುವ ಕ್ರಮವೇ ದೊಡ್ಡವರಿಗೂ ಹೊಂದುತ್ತದೆ: ಮೊದಲು ರ ಗ ಸ ದ ಅ, ಆಮೇಲೆ ಜ ವ ಮ ಬ ನ. ಈ ಹತ್ತೇ ಅಕ್ಷರದಲ್ಲಿ ದರ, ಬರ, ಜನ, ದನ, ಮಗ, ಸರ, ಮರ, ನಗರ ಎಲ್ಲ ಓದಬಹುದು. ‘ದನದ ದರ’ ಎಂದು ಎರಡನೇ ವಾರದಲ್ಲೇ ಓದಿಬಿಡುತ್ತಾರೆ.

ಒಂದು ದಿನದ ಪಾಠ ಹೀಗಿರಲಿ. ಇವತ್ತಿನ ಪದ ‘ದರ’. ಮೊದಲ 15 ನಿಮಿಷ ಹಲಗೆ ಮುಟ್ಟಬೇಡಿ, ಮಾತಾಡಿ. ಈ ವಾರ ಈರುಳ್ಳಿ ದರ ಎಷ್ಟು, ಕೂಲಿಯ ದರ ಗಂಡಾಳಿಗೆಷ್ಟು ಹೆಣ್ಣಾಳಿಗೆಷ್ಟು, ರೇಷನ್ ಅಂಗಡಿಯ ಬೋರ್ಡಿನಲ್ಲಿ ಏನು ಬರೆದಿದೆ. ತಂತಾನೇ ಸಿಟ್ಟು, ಲೆಕ್ಕ ಎಲ್ಲ ಹೊರಬರುತ್ತದೆ. ಆಮೇಲೆ ಪದವನ್ನು ದೊಡ್ಡದಾಗಿ ಬರೆದು ‘ದ’ ಯಾವುದು, ‘ರ’ ಯಾವುದು ಎಂದು ಬೆರಳಿಟ್ಟು ತೋರಿಸಿ, 20 ನಿಮಿಷ. ಅಕ್ಷರ ಬಿಡಿಸಿ, ಕಲಿತ ಬೇರೆ ಅಕ್ಷರಗಳ ಜೊತೆ ಕೂಡಿಸಿ ಹೊಸ ಪದ ಅವರೇ ಕಟ್ಟಲಿ. ಉಳಿದ ಅರ್ಧ ಗಂಟೆ ಬರಹ. ಕೊನೆಯ ಸ್ವಲ್ಪ ಹೊತ್ತು ಅಂಕಿ.

ಅಂಕಿಯನ್ನು ನೋಟಿನಿಂದ ಹಿಡಿಯಿರಿ. ಬಣ್ಣ ನೋಡಿ 10, 20, 50, 100, 200, 500 ಗುರುತಿಸುತ್ತಾರೆ, ಬಾಯಿಲೆಕ್ಕದಲ್ಲಿ ನಿಮಗಿಂತ ಚುರುಕಾಗಿರುತ್ತಾರೆ. ಅವರಿಗೆ ಬೇಕಿರುವುದು ಗೊತ್ತಿರುವ ಲೆಕ್ಕವನ್ನು ಕಾಗದದ ಮೇಲೆ ಇಡುವುದಷ್ಟೆ. 108 ಬರೆಯಿರಿ ಅಂದರೆ 1008 ಬರೆಯುವುದು ಎಲ್ಲೆಡೆ ಕಾಣುವ ತಪ್ಪು, ನೂರು ಮತ್ತು ಎಂಟು ಎಂದು ಕೇಳಿದಂತೆ ಬರೆಯುತ್ತಾರೆ. ನೂರರ ಒಂದು ನೋಟು, ಒಂದು ರೂಪಾಯಿಯ ಎಂಟು ನಾಣ್ಯ ಇಟ್ಟು, ನಡುವೆ ಹತ್ತರ ನೋಟಿನ ಖಾಲಿ ಜಾಗವನ್ನು ಸೊನ್ನೆಯಿಂದ ತುಂಬಿಸಿ ತೋರಿಸಿ.

ಕಾಗುಣಿತಕ್ಕೆ ‘ಕೂಲಿ’ಯಂಥ ಪದ ಇನ್ನೊಂದಿಲ್ಲ. ಕ, ಲ ಎರಡೇ ಅಕ್ಷರ, ಅದಕ್ಕೆ ಇಳಿ, ಗುಡಿಸು, ಕೊಂಬು ಹಚ್ಚುತ್ತ ಹೋಗಿ: ಕಾಲ, ಕಾಲು, ಕಲಿ, ಕುಲ, ಕೀಲು, ಕೋಲು, ಕೊಲೆ. ಒಂದು ಸಂಜೆಯಲ್ಲಿ ಎಂಟು ಪದ ಕಟ್ಟಿದರೆ ಗುರುತುಗಳ ಕೆಲಸ ತಲೆಗೆ ಇಳಿಯುತ್ತದೆ. 34 ವ್ಯಂಜನಕ್ಕೂ ಕ-ಕಾ-ಕಿ-ಕೀ ಬಾಯಿಪಾಠ ಮಾಡಿಸುವುದು ಬೇಡ. ಹಾಡಿದಂತೆ ಒಪ್ಪಿಸುತ್ತಾರೆ, ನಡುವಿನ ಒಂದಕ್ಕೆ ಬೆರಳಿಟ್ಟು ಕೇಳಿದರೆ ಮೊದಲಿಂದ ಎಣಿಸಿಕೊಂಡು ಬರಬೇಕಾಗುತ್ತದೆ.

ವ ಮತ್ತು ಮ, ಪ ಮತ್ತು ಷ ಅದಲುಬದಲಾಗುತ್ತವೆ. ಒಂದೇ ದಿನ ಎರಡನ್ನೂ ಕಲಿಸಬೇಡಿ, ನಡುವೆ ಒಂದು ವಾರವಾದರೂ ಇರಲಿ. ‘ಹಾಲು’ ಅನ್ನುವುದನ್ನು ‘ಆಲು’ ಎಂದು ಆಡುವ ಊರಿನಲ್ಲಿ ಹಾಗೇ ಬರೆಯುತ್ತಾರೆ. ಮೊದಲ ಮೂರು ತಿಂಗಳು ಅದನ್ನು ತಿದ್ದಬೇಡಿ. ಆಡುಮಾತನ್ನು ತಿದ್ದಿದವರ ಮುಂದೆ ಯಾರೂ ಬಾಯಿ ಬಿಡುವುದಿಲ್ಲ, ಈ ಇಡೀ ಕೆಲಸವೇ ಬಾಯಿ ಬಿಡಿಸುವುದಕ್ಕೆ. ಲಂಬಾಣಿ ತಾಂಡಾಗಳಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಬೇಕು. ಅಲ್ಲಿ ಮನೆಮಾತು ಕನ್ನಡವಲ್ಲ. ಯಾಡಿ (ತಾಯಿ), ಬಾಟಿ (ರೊಟ್ಟಿ), ಪಾಣಿ (ನೀರು) ಎಂಬ ಅವರ ಪದಗಳನ್ನೇ ಕನ್ನಡ ಅಕ್ಷರದಲ್ಲಿ ಬರೆದು ಆರಂಭಿಸಿ. ಲಿಪಿ ಕೈಗೆ ಬಂದ ಮೇಲೆ ಕನ್ನಡದ ಪದಗಳಿಗೆ ದಾಟುವುದು ಹಗುರ. ಲಿಪಿ, ಭಾಷೆ ಎರಡನ್ನೂ ಒಟ್ಟಿಗೆ ಹೇರಿದರೆ ಎರಡೂ ದಕ್ಕುವುದಿಲ್ಲ.

ಒತ್ತಕ್ಷರದಲ್ಲಿ ಅರ್ಕಾವೊತ್ತಿಗೆ ಒಂದು ವಾರ ಪೂರ್ತಿ ಮೀಸಲಿಡಿ. ಅರ್ಜಿ, ಕಾರ್ಡ್, ವಾರ್ಡ್, ವರ್ಷ, ಮಾರ್ಚ್, ಸರ್ಕಾರ, ಕರ್ನಾಟಕ: ಸರ್ಕಾರಿ ಕಾಗದದಲ್ಲಿ ಅದಿಲ್ಲದ ಸಾಲೇ ಸಿಗುವುದಿಲ್ಲ. ಗುರುತು ಅಕ್ಷರದ ಬಲಗಡೆ ಇರುತ್ತದೆ, ಸದ್ದು ಮಾತ್ರ ಮೊದಲು ಬರುತ್ತದೆ. ಕಣ್ಣು ಹೋದ ಹಾಗೆ ಓದಿ ‘ಅಜಿರ್’ ಅಂದುಬಿಡುತ್ತಾರೆ. ಗುರುತು ಕಂಡ ಕೂಡಲೇ ಬೆರಳನ್ನು ಒಂದು ಅಕ್ಷರ ಹಿಂದಕ್ಕೆ ಸರಿಸಿ ‘ರ್’ ಅನ್ನಬೇಕು, ಆಮೇಲೆ ‘ಜಿ’. ಈ ಬೆರಳಿನ ಚಲನೆಯನ್ನು ಹತ್ತು ಹದಿನೈದು ಪದದಲ್ಲಿ ಮಾಡಿಸಿದರೆ ಸರಿಹೋಗುತ್ತದೆ.

ಮೂರು, ನಾಲ್ಕನೇ ತಿಂಗಳು: ಟ್ರಂಕಿನಲ್ಲಿರುವ ಕಾಗದಗಳು

ಈಗ ಎಲ್ಲರೂ ಮನೆಯಿಂದ ಕಾಗದಗಳನ್ನು ತರಲಿ. ಆಧಾರ್, ರೇಷನ್ ಕಾರ್ಡು, ಬ್ಯಾಂಕ್ ಪಾಸ್‌ಬುಕ್ಕು, ಉದ್ಯೋಗ ಖಾತರಿಯ ಜಾಬ್ ಕಾರ್ಡು, ಸಂಘದ ಸಾಲದ ಪುಸ್ತಕ, ಜಮೀನಿದ್ದರೆ ಪಹಣಿ. ಸೀರೆಯ ಮಡಿಕೆಯಲ್ಲಿ, ಟ್ರಂಕಿನ ತಳದಲ್ಲಿ ಪ್ಲಾಸ್ಟಿಕ್ ಚೀಲ ಸುತ್ತಿ ಇಟ್ಟ ಇವೇ ಮುಂದಿನ ಪಠ್ಯಪುಸ್ತಕ.

ಮೊದಲು ಮೂರನ್ನೇ ಹುಡುಕಿಸಿ: ಹೆಸರು, ನಂಬರು, ದಿನಾಂಕ. ನಂತರ ನೋಟ್‌ಬುಕ್ಕಿನಲ್ಲಿ ಒಂದು ಕಡೆ ಕಾಗದದ ಹೆಸರು, ಎದುರಿಗೆ ಅದರಲ್ಲಿ ತಮ್ಮ ಹೆಸರು ಹೇಗಿದೆಯೋ ಹಾಗೇ ಬರೆಸಿ. ಒಂದರಲ್ಲಿ ಲಕ್ಷ್ಮವ್ವ, ಇನ್ನೊಂದರಲ್ಲಿ ಲಕ್ಷ್ಮೀಬಾಯಿ, ಮತ್ತೊಂದರಲ್ಲಿ ಗಂಡನ ಹೆಸರಿನ ಜಾಗದಲ್ಲಿ ತಂದೆಯ ಹೆಸರು. ಹಣ ಬಾರದಿರುವುದಕ್ಕೆ ಎಷ್ಟೋ ಬಾರಿ ಕಾರಣ ಇದೇ. ತಿದ್ದಿಸಬೇಕಾದದ್ದು ಯಾವುದು ಎಂದು ಈ ಪಾಠದ ಕೊನೆಗೆ ಅವರಿಗೇ ಗೊತ್ತಾಗುತ್ತದೆ. ಒಂದು ಎಚ್ಚರಿಕೆ: ಆಧಾರ್ ನಂಬರನ್ನಾಗಲಿ ಎಟಿಎಂ ಪಿನ್ನನ್ನಾಗಲಿ ಹಲಗೆಯ ಮೇಲೆ ಬರೆಸಬೇಡಿ, ನಿಮ್ಮ ಫೋನಿನಲ್ಲಿ ಯಾರ ಕಾಗದದ ಫೋಟೋವನ್ನೂ ಇಟ್ಟುಕೊಳ್ಳಬೇಡಿ.

ಪಾಸ್‌ಬುಕ್ಕಿನಲ್ಲಿ ಹಣ ಬಂದ ಕಾಲಂ ಯಾವುದು, ಹೋದ ಕಾಲಂ ಯಾವುದು, ಉಳಿದದ್ದು ಯಾವುದು ಎಂದು ಬಣ್ಣದ ಪೆನ್ಸಿಲ್ಲಿನಿಂದ ಗುರುತು ಮಾಡಿಸಿ. ಗೃಹಲಕ್ಷ್ಮಿಯ 2,000 ರೂಪಾಯಿ ಯಾವ ತಿಂಗಳದ್ದು ಬಂದಿದೆ, ಯಾವುದು ಬಂದಿಲ್ಲ ಎಂದು ಪಟ್ಟಿ ಮಾಡುವುದು ಎಲ್ಲರೂ ಆಸೆಯಿಂದ ಮಾಡುವ ಅಭ್ಯಾಸ. ಬ್ಯಾಂಕಿನ ಮೆಸೇಜು ಇಂಗ್ಲಿಷಿನಲ್ಲಿ ಇರುವುದರಿಂದ ‘ಸಿಆರ್’ ಅಂದರೆ ಜಮಾ, ‘ಡಿಆರ್’ ಅಂದರೆ ಖರ್ಚು ಎಂಬಷ್ಟು ಇಂಗ್ಲಿಷ್ ಅಕ್ಷರಗಳ ಗುರುತು ಸಾಕು.

ಉದ್ಯೋಗ ಖಾತರಿಯ ನಿಯಮ, ಕೂಲಿದರ ಬದಲಾಗುತ್ತಿರುತ್ತವೆ. ಹಳೆಯ ಕರಪತ್ರ ನೋಡಿ ಪಾಠ ಮಾಡಬೇಡಿ. ಪಂಚಾಯ್ತಿಯ ನೋಟಿಸ್ ಬೋರ್ಡಿನಲ್ಲಿ ಈಗ ಏನಿದೆಯೋ ಅದನ್ನು ಕಲಿಯುವವರೇ ಹೋಗಿ ನಕಲು ಮಾಡಿ ತರಲಿ. ಜಾಬ್ ಕಾರ್ಡಿನಲ್ಲಿ ತಾವು ಮಾಡಿದ ದಿನಗಳು ಬರೆದಿವೆಯೇ, ಕೆಲಸದ ಹಾಜರಿ ಪಟ್ಟಿಯಾದ ಎನ್‌ಎಂಆರ್‌ನಲ್ಲಿ ತಮ್ಮ ಹೆಸರಿನ ಮುಂದೆ ಎಷ್ಟು ದಿನ ಹಾಜರಿ ಬಿದ್ದಿದೆ ಎಂದು ಹೋಲಿಸಿ ನೋಡುವುದೇ ಪಾಠ. ಅದಕ್ಕೆ ಮೊದಲು ತಮ್ಮದೇ ಲೆಕ್ಕ ಇರಬೇಕು. ಗೋಡೆಯ ಕ್ಯಾಲೆಂಡರಿನಲ್ಲಿ ಕೆಲಸಕ್ಕೆ ಹೋದ ದಿನಕ್ಕೆಲ್ಲ ಸುತ್ತು ಹಾಕುವ ರೂಢಿಯನ್ನು ಮೊದಲ ತಿಂಗಳಿಂದಲೇ ಮಾಡಿಸಿ.

ಸಹಿ

ಸಹಿ ಕಲಿಸಿ ಎಂದು ಮೊದಲ ವಾರವೇ ಕೇಳುತ್ತಾರೆ. ಬೇಡ ಅನ್ನಬಾರದು. ಬ್ಯಾಂಕಿನ ಕೌಂಟರಿನಲ್ಲಿ ಬೆರಳಿಗೆ ಹತ್ತಿದ ಶಾಯಿಯನ್ನು ಗೋಡೆಗೆ ಒರೆಸಿ ಬಂದವರಿಗೆ ಆ ಆಸೆಯ ಬೆಲೆ ಗೊತ್ತು. ಕಲಿಸಿ, ಆದರೆ ಜೊತೆಗೇ ಈ ಕಟ್ಟುಪಾಡನ್ನೂ ಕಲಿಸಿ. ಖಾಲಿ ಕಾಗದಕ್ಕೆ ಸಹಿ ಇಲ್ಲ. ಮೊತ್ತ ಬರೆಯದ ಫಾರಂಗೆ ಸಹಿ ಇಲ್ಲ. ಓದಲು ಆಗದಿದ್ದರೆ ‘ನಾಳೆ ತರ್ತೀನ್ರೀ, ಮನ್ಯಾಗ ಓದಿಸ್ಕೊಂಡು ಬರ್ತೀನಿ’ ಎಂದು ಹೇಳಿ ಕಾಗದ ಹಿಡಿದುಕೊಂಡೇ ಎದ್ದು ಬರಬೇಕು. ಈ ಮಾತನ್ನು ತರಗತಿಯಲ್ಲಿ ಒಬ್ಬರು ಅಧಿಕಾರಿಯಾಗಿ, ಒಬ್ಬರು ತಾವಾಗಿ ನಿಂತು ಗಟ್ಟಿಯಾಗಿ ಆಡಿ ರೂಢಿಸಿಕೊಳ್ಳಲಿ. ಬಾಯಿಗೆ ಬಾರದಿದ್ದರೆ ಆ ಹೊತ್ತಿಗೆ ಹೊರಡುವುದಿಲ್ಲ.

ಇನ್ನೊಂದು ತೊಡಕು. ಬ್ಯಾಂಕಿನ ದಾಖಲೆಯಲ್ಲಿ ಹೆಬ್ಬೆಟ್ಟು ಇರುತ್ತದೆ, ಇವರು ಹುಮ್ಮಸ್ಸಿನಿಂದ ಚೀಟಿಗೆ ಸಹಿ ಹಾಕಿ ಕೊಟ್ಟರೆ ಹೊಂದುವುದಿಲ್ಲ ಎಂದು ವಾಪಸು ಬರುತ್ತದೆ. ಮೊದಲು ಶಾಖೆಗೆ ಪಾಸ್‌ಬುಕ್ಕು, ಗುರುತಿನ ಚೀಟಿ, ಫೋಟೋ ತೆಗೆದುಕೊಂಡು ಹೋಗಿ, ಇನ್ನು ಮುಂದೆ ಸಹಿ ಹಾಕುತ್ತೇನೆ ಎಂದು ಬರೆದುಕೊಟ್ಟು ದಾಖಲೆ ಬದಲಿಸಿಕೊಳ್ಳಬೇಕು. ಸಹಿಯ ರೂಪ ಗಟ್ಟಿಯಾಗುವ ತನಕ, ಅಂದರೆ ಹತ್ತು ಸಲ ಬರೆದರೆ ಹತ್ತೂ ಒಂದೇ ತರಹ ಬರುವ ತನಕ, ಇದಕ್ಕೆ ಕೈಹಾಕಬೇಡಿ.

ಅರ್ಜಿ

ಐದನೇ ತಿಂಗಳಲ್ಲಿ ಅರ್ಜಿ. ಮೊದಲ ಅರ್ಜಿ ಎಲ್ಲರಿಗೂ ಸೇರಿದ, ಯಾರ ಮೇಲೂ ದೂರಲ್ಲದ ವಿಷಯದ್ದಾಗಿರಲಿ: ನಲ್ಲಿ, ಬೀದಿದೀಪ, ಚರಂಡಿ. ಮೊದಲನೆಯದೇ ಊರಿನ ಬಲಿತವರ ವಿರುದ್ಧ ಹೋದರೆ, ಮಾರನೇ ದಿನ ಕೂಲಿಗೆ ಕರೆಯದೆ ಬಾಯಿ ಮುಚ್ಚಿಸುತ್ತಾರೆ. ಹೆಸರನ್ನೂ ಒಬ್ಬರದೇ ಹಾಕಬೇಡಿ, ಹತ್ತು ಸಹಿ ಇರಲಿ.

ಭಾಷೆ ಹೀಗಿದ್ದರೆ ಸಾಕು:

ದಿನಾಂಕ, ಊರು.
ಇಂದ: ಕೆಳಗೆ ಸಹಿ ಮಾಡಿದವರು, ಇಂಥ ಓಣಿ.
ಇವರಿಗೆ: ಪಂಚಾಯ್ತಿ ಅಭಿವೃದ್ಧಿ ಅಧಿಕಾರಿ, ಇಂಥ ಗ್ರಾಮ ಪಂಚಾಯ್ತಿ.
ವಿಷಯ: ನಲ್ಲಿಗೆ ನೀರು ಬಾರದಿರುವ ಬಗ್ಗೆ.
ನಮ್ಮ ಓಣಿಯ 22 ಮನೆಗಳ ನಲ್ಲಿಗೆ ಜೂನ್ 3ರಿಂದ ನೀರು ಬಂದಿಲ್ಲ. ಅರ್ಧ ಕಿಲೋಮೀಟರ್ ದೂರದಿಂದ ಹೊತ್ತು ತರುತ್ತಿದ್ದೇವೆ. ಪೈಪು ದುರಸ್ತಿ ಮಾಡಿಸಿ ನೀರು ಬಿಡಿಸಬೇಕು. ಯಾವ ದಿನದೊಳಗೆ ಆಗುತ್ತದೆ ಎಂದು ಬರೆದು ತಿಳಿಸಿ.

ಎಷ್ಟು ಮನೆ, ಯಾವಾಗಿನಿಂದ, ಏನು ಆಗಬೇಕು, ಯಾವಾಗ. ಇವು ನಾಲ್ಕು ಇಲ್ಲದ ಅರ್ಜಿ ಫೈಲಿನಲ್ಲೇ ಉಳಿಯುತ್ತದೆ. ‘ಬಡವರಾದ ನಾವು ತಮ್ಮ ಪಾದಕ್ಕೆ ಬಿದ್ದು’ ಎಂಬ ಸಾಲುಗಳನ್ನು ತೆಗೆಸಿ. ಕೇಳುತ್ತಿರುವುದು ಹಕ್ಕು.

ಎರಡು ಪ್ರತಿ ಮಾಡಿ. ಒಂದನ್ನು ಕೊಟ್ಟು, ಇನ್ನೊಂದರ ಮೇಲೆ ಸೀಲು, ದಿನಾಂಕ, ತೆಗೆದುಕೊಂಡವರ ಸಹಿ ಹಾಕಿಸಿಕೊಳ್ಳಬೇಕು. ಇದೇ ಸ್ವೀಕೃತಿ. ‘ಇಟ್ಟು ಹೋಗಮ್ಮಾ, ನೋಡ್ತೀವಿ’ ಅನ್ನುತ್ತಾರೆ. ಸೀಲು ಬೀಳದ ಅರ್ಜಿಯನ್ನು ಕೊಟ್ಟೇ ಇಲ್ಲ ಎಂದು ನಾಳೆ ಹೇಳಬಹುದು. ಸುತರಾಂ ಒಪ್ಪದಿದ್ದರೆ ಅಂಚೆ ಕಚೇರಿಗೆ ಹೋಗಿ ಅದೇ ಅರ್ಜಿಯನ್ನು ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ, ರಸೀದಿಯನ್ನು ಪ್ರತಿಗೆ ಅಂಟಿಸಿ ಇಟ್ಟುಕೊಳ್ಳಿ. ಜಾತಿ, ಆದಾಯ ಪ್ರಮಾಣಪತ್ರದಂಥ ಸಕಾಲ (ಗೊತ್ತುಪಡಿಸಿದ ದಿನದೊಳಗೆ ಕೊಡಲೇಬೇಕಾದ) ಸೇವೆಗಳಿಗೆ ಅರ್ಜಿ ಹಾಕಿದರೆ ಅರ್ಜಿಯ ಗುರುತಾಗಿ 15 ಅಂಕಿಯ ಜಿಎಸ್‌ಸಿ ನಂಬರು ಕೊಡಬೇಕು. ಆ ಚೀಟಿಯಲ್ಲಿ ಕೊನೆಯ ದಿನ ಯಾವುದು ಎಂದು ಓದಲು ಕಲಿಸಿ. ತಡವಾದರೆ ದಿನಕ್ಕೆ 20 ರೂಪಾಯಿಯಂತೆ ಗರಿಷ್ಠ 500 ರೂಪಾಯಿ ಪರಿಹಾರ ಕೇಳಲು ಅವಕಾಶವಿದೆ.

ಅರ್ಜಿಗೆ ಉತ್ತರ ಬಾರದಿದ್ದರೆ 2005ರ ಮಾಹಿತಿ ಹಕ್ಕು ಕಾಯ್ದೆ ಇದೆ. ಶುಲ್ಕ 10 ರೂಪಾಯಿ, ಪೋಸ್ಟಲ್ ಆರ್ಡರ್ ಹಚ್ಚಬಹುದು. ಬಿಪಿಎಲ್ ಕಾರ್ಡಿನ ಪ್ರತಿ ಇಟ್ಟರೆ ಅದೂ ಬೇಡ. ಕರ್ನಾಟಕದ ನಿಯಮದಂತೆ ಒಂದು ಅರ್ಜಿಯಲ್ಲಿ ಒಂದೇ ವಿಷಯ, 150 ಪದದೊಳಗೆ. ಇದನ್ನು ಮೀರಿದರೆ ಅದೇ ನೆಪ ಹೇಳಿ ತಿರಸ್ಕರಿಸುತ್ತಾರೆ. ‘ಏಕೆ ಕೊಡಲಿಲ್ಲ’ ಎಂದು ಕೇಳಬೇಡಿ, ಏಕೆ ಎಂಬುದಕ್ಕೆ ಕಡತದಲ್ಲಿ ಉತ್ತರ ಇರುವುದಿಲ್ಲ. ‘ಇಂಥ ದಿನಾಂಕದ ನಮ್ಮ ಅರ್ಜಿಯ ಮೇಲೆ ಕೈಗೊಂಡ ಕ್ರಮದ ಟಿಪ್ಪಣಿಯ ನಕಲು ಕೊಡಿ’ ಎಂದು ದಾಖಲೆಯನ್ನೇ ಕೇಳಿ. ಉತ್ತರಕ್ಕೆ 30 ದಿನ. ಇನ್ನೂ ಬರೆಯಲು ಬಾರದವರು ಬಾಯಲ್ಲಿ ಕೇಳಿದರೆ ಅದನ್ನು ಬರಹಕ್ಕಿಳಿಸಲು ಮಾಹಿತಿ ಅಧಿಕಾರಿಯೇ ನೆರವಾಗಬೇಕು ಎಂದು ಕಾಯ್ದೆಯ ಕಲಂ 6(1) ಹೇಳುತ್ತದೆ. ತರಗತಿಗೆ ಬರಲಾಗದ ಮುದುಕರಿಗೂ ಇದನ್ನು ತಿಳಿಸಿ.

ಸಭೆ

ಗ್ರಾಮಸಭೆಗೆ ಮೊದಲು ವಾರ್ಡ್ ಸಭೆ ಇರುತ್ತದೆ. ಅಲ್ಲಿ ಜನ ಕಡಿಮೆ, ಮುಖಗಳೆಲ್ಲ ಗೊತ್ತಿರುವವು, ಮೊದಲ ಮಾತಿಗೆ ಅದೇ ಸರಿಯಾದ ಜಾಗ. ಹಾಜರಾದವರಲ್ಲಿ ಶೇ 30ರಷ್ಟಾದರೂ ಹೆಂಗಸರಿರಬೇಕು ಎಂದು ರಾಜ್ಯದ ಪಂಚಾಯತ್ ರಾಜ್ ಕಾಯ್ದೆಯಲ್ಲೇ ಇದೆ. ಮೂವರು ಒಟ್ಟಿಗೆ ಹೋಗಿ, ಒಟ್ಟಿಗೆ ಕೂರಲಿ. ಹೇಳಬೇಕಾದದ್ದನ್ನು ನಾಲ್ಕು ಸಾಲಿನಲ್ಲಿ ಬರೆದುಕೊಂಡು ಹೋಗಲಿ. ಕೈಯಲ್ಲಿ ಕಾಗದ ಇದ್ದರೆ ನಡುವೆ ಯಾರಾದರೂ ‘ಸುಮ್ನೆ ಕೂಡ್ರವ್ವಾ’ ಅಂದರೂ ತಿರುಗಿ ಅದೇ ಸಾಲಿನಿಂದ ಓದಬಹುದು, ದಾರಿ ತಪ್ಪುವುದಿಲ್ಲ.

ಮಾತಾಡಿ ಕೂತರೆ ಮುಗಿಯಲಿಲ್ಲ. ‘ಇದನ್ನ ನಡಾವಳಿಯಾಗ ಬರೀರಿ’ ಎಂದು ಕೇಳಬೇಕು, ಬರೆದದ್ದನ್ನು ಓದಿ ನೋಡಬೇಕು, ಆಮೇಲೆ ಸಹಿ. ಸಭೆ ಶುರುವಾಗುವ ಮೊದಲೇ ಹಾಜರಿ ಎಂದು ಖಾಲಿ ಹಾಳೆಗೆ ಸಹಿ ಪಡೆದು, ನಂತರ ಅದರ ಮೇಲೆ ಠರಾವು ಬರೆದುಕೊಳ್ಳುವ ಚಾಳಿ ಇರುವ ಕಡೆ, ಹಾಳೆಯ ನೆತ್ತಿಯಲ್ಲಿ ದಿನಾಂಕ ಮತ್ತು ‘ಹಾಜರಿ’ ಎಂಬ ಪದ ಇದೆಯೇ ಎಂದು ನೋಡಿಯೇ ಪೆನ್ನು ಹಿಡಿಯಬೇಕು.

ತರಗತಿ ಎಲ್ಲಿ ಮುರಿಯುತ್ತದೆ

ಬಿತ್ತನೆ ಮತ್ತು ಸುಗ್ಗಿಯಲ್ಲಿ ಹಾಜರಿ ಅರ್ಧಕ್ಕೆ ಇಳಿಯುತ್ತದೆ. ಆಗ ನಿಲ್ಲಿಸದೆ ವಾರಕ್ಕೆ ಎರಡು ದಿನಕ್ಕೆ ಇಳಿಸಿ. ಪೂರ್ತಿ ನಿಂತ ತರಗತಿ ಮತ್ತೆ ಸೇರುವುದು ಅಪರೂಪ. ಗುಳೆ ಹೋಗುವವರ ಕೈಗೆ ನೋಟ್‌ಬುಕ್ಕು ಕೊಟ್ಟು, ಹೋದ ಊರಿನಿಂದ ಫೋನಿನಲ್ಲಿ ದಿನಕ್ಕೊಂದು ಬೋರ್ಡಿನ ಫೋಟೋ ಕಳಿಸಿ ಓದಿ ಹೇಳಿ ಅನ್ನಿ.

ಇದಕ್ಕಿಂತ ದೊಡ್ಡ ಅಪಾಯ ಕಲಿಸುವವರ ಕಡೆಯಿಂದಲೇ ಬರುತ್ತದೆ. ನಿಧಾನವಾಗಿ ಬರೆಯುವುದನ್ನು ನೋಡಲಾಗದೆ ‘ಕೊಡ್ರಿ ಅಕ್ಕಾ, ನಾ ಬರ್ದು ಕೊಡ್ತೀನಿ’ ಎಂದು ಪೆನ್ನು ಕಸಿದುಕೊಳ್ಳುವುದು. ಅರ್ಜಿ ಅಚ್ಚುಕಟ್ಟಾಗುತ್ತದೆ, ಕೆಲಸವೂ ಆದೀತು. ಮುಂದಿನ ಸಲ ಅವರು ನಿಮ್ಮನ್ನೇ ಹುಡುಕಿಕೊಂಡು ಬರುತ್ತಾರೆ, ಊರಿಗೆ ಇನ್ನೊಬ್ಬ ದಲ್ಲಾಳಿ ಸಿಕ್ಕಂತಾಯಿತು. ಕಾಗುಣಿತ ತಪ್ಪಿದ, ಸಾಲು ಓರೆಯಾದ ಅರ್ಜಿಯೂ ಅರ್ಜಿಯೇ, ಸೀಲು ಅದಕ್ಕೂ ಬೀಳುತ್ತದೆ.

ಕಲಿತದ್ದು ಬಳಕೆ ಇಲ್ಲದಿದ್ದರೆ ವರ್ಷದೊಳಗೆ ಮಾಸಿಹೋಗುತ್ತದೆ. ಆರು ತಿಂಗಳಾದ ಮೇಲೆ ಕೇಂದ್ರ ಸರ್ಕಾರದ ಉಲ್ಲಾಸ್ ಸಾಕ್ಷರತಾ ಕಾರ್ಯಕ್ರಮದ ಪರೀಕ್ಷೆಗೆ ಹೆಸರು ಬರೆಸಬಹುದು. ಓದು, ಬರಹ, ಲೆಕ್ಕಕ್ಕೆ ತಲಾ 50ರಂತೆ 150 ಅಂಕ, ತೇರ್ಗಡೆಯಾದವರಿಗೆ ಪ್ರಮಾಣಪತ್ರ. ತರಗತಿಯನ್ನು ವಾರಕ್ಕೊಂದು ಸಂಜೆಗೆ ಇಳಿಸಿ, ಆದರೆ ಮುಚ್ಚಬೇಡಿ. ಆ ಸಂಜೆ ಸಂಘದ ಪುಸ್ತಕವನ್ನು ಸರದಿಯ ಮೇಲೆ ಒಬ್ಬೊಬ್ಬರು ಬರೆಯಲಿ.

ಪ್ರತಿಯೊಬ್ಬರಿಗೂ ಒಂದು ರಟ್ಟಿನ ಫೈಲು ಇರಲಿ. ಸ್ವೀಕೃತಿಗಳು, ಪೋಸ್ಟಿನ ರಸೀದಿಗಳು ದಿನಾಂಕದ ಸಾಲಿನಲ್ಲಿ ಅದರೊಳಗೆ. ಅರ್ಜಿ ಕೊಟ್ಟ ದಿನವೇ ಕ್ಯಾಲೆಂಡರಿನಲ್ಲಿ 30 ದಿನ ಎಣಿಸಿ, ಆ ದಿನದ ಮನೆಯಲ್ಲಿ ‘ಪಂಚಾಯ್ತಿ’ ಎಂದು ಬರೆದಿಡಲಿ. ಆ ದಿನ ಬಂದಾಗ ಫೈಲು ಹಿಡಿದು ಹೊರಡುವುದು.